ಕಾಡಿನಲ್ಲಿ ತಂಗುವ ರೀತಿ: ಅಥಣಿ-ಚಿಕ್ಕೋಡಿ ಕಡೆಯ ಪಾದಯಾತ್ರಿಗಳಲ್ಲಿ ಕಂಡದ್ದು

ಶಿವರಾತ್ರಿ ಹತ್ತಿರ ಬಂದಂತೆ ಕೊಟ್ಟಿಗೆಹಾರ-ಚಾರ್ಮಾಡಿ ರಸ್ತೆಯ ಬದಿಯಲ್ಲಿ ತೋಟವಿರುವ ನಮ್ಮ ಸದಸ್ಯರಿಗೆ ಒಂದು ಕೆಲಸ ಹೆಚ್ಚಾಗುತ್ತದೆ. ಧರ್ಮಸ್ಥಳಕ್ಕೆ ನಡೆದು ಹೋಗುವವರಿಗೆ ಮಜ್ಜಿಗೆ ಕೊಡುವುದು, ರಾತ್ರಿ ಕಣದ ಮೂಲೆಯಲ್ಲಿ ಮಲಗಲು ಜಾಗ ಬಿಡುವುದು ಸಂತೋಷದ ಕೆಲಸವೇ. ಅವರು ಹೋದ ಮರುದಿನ ಕಾಫಿ ಗಿಡದ ಬುಡದಿಂದ ಬಾಟಲಿ, ಕಾಗದದ ಲೋಟ ಹೆಕ್ಕುವುದು ಮಾತ್ರ ಅಷ್ಟು ಸಂತೋಷದ್ದಲ್ಲ. ಈಚಿನ ವರ್ಷಗಳಲ್ಲಿ ಡೇರೆ ಹೂಡಿ ಕಾಡಿನಲ್ಲಿ ಒಂದು ರಾತ್ರಿ ಕಳೆಯಬೇಕೆನ್ನುವ ಪಟ್ಟಣದ ತರುಣರೂ ಬರುತ್ತಿದ್ದಾರೆ. 2024ರ ಜನವರಿ ಕೊನೆಯಲ್ಲಿ ಕುಮಾರಪರ್ವತದಲ್ಲಿ ನೆರೆದ ಜನಜಂಗುಳಿಯನ್ನು ಕಂಡು, ಮುಂಗಡ ನೋಂದಣಿಯಿಲ್ಲದ ಚಾರಣವನ್ನು ಸರ್ಕಾರ ತಾತ್ಕಾಲಿಕವಾಗಿ ನಿಲ್ಲಿಸಬೇಕಾಯಿತು.

ಕಾಡಿನಲ್ಲಿ ತಂಗಬಾರದು ಎಂದು ಹೇಳುವುದು ಈ ಲೇಖನದ ಉದ್ದೇಶವಲ್ಲ. ತಂಗುವ ಒಂದು ರೀತಿಯಿದೆ. ಅದನ್ನು ನಾನು ಕಂಡದ್ದು, ಆಶ್ಚರ್ಯವೆನಿಸಬಹುದು, ಕಾಡೇ ಇಲ್ಲದ ಸೀಮೆಯವರಲ್ಲಿ.

ನಮ್ಮ ಮನೆಯ ಹುಡುಗಿಯೊಬ್ಬಳನ್ನು ಅಥಣಿ ತಾಲ್ಲೂಕಿಗೆ ಕೊಟ್ಟಿದೆ. ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡ ಎಂದರೆ ಕೃಷ್ಣೆಯ ಬಯಲಿನ ಕಬ್ಬಿನ ನಾಡು. ನಿಪ್ಪಾಣಿ ಕಡೆಗೆ ಹೋದರೆ ತಂಬಾಕು. ನಮ್ಮಂತೆ ಮರದ ನೆರಳಿನಲ್ಲಿ ಬೆಳೆ ತೆಗೆಯುವವರಲ್ಲ ಅವರು. ಆದರೆ ಆ ಭಾಗದ ಊರುಗಳಿಂದ ಪ್ರತಿವರ್ಷ ಯುಗಾದಿಗೆ ಮುಂಚೆ ಜನ ಕಂಬಿ ಹೊತ್ತು ಶ್ರೀಶೈಲಕ್ಕೆ ನಡೆಯುತ್ತಾರೆ. ಅಥಣಿಯಿಂದ ಹೆಚ್ಚುಕಡಿಮೆ ಐನೂರು ಕಿಲೋಮೀಟರ್. ಭ್ರಮರಾಂಬೆ ತಮ್ಮ ಮನೆಯ ಮಗಳು, ಹಬ್ಬಕ್ಕೆ ಸೀರೆ ಒಯ್ಯಬೇಕು ಎಂಬುದು ಅವರ ಭಾವನೆ. ಕೆಲವರು ಮರಗಾಲು ಕಟ್ಟಿಕೊಂಡೇ ನಡೆಯುವುದುಂಟು.

ದಾರಿಯ ಕೊನೆಯ ಭಾಗ ನಲ್ಲಮಲ ಅರಣ್ಯ. ಆತ್ಮಕೂರು ದಾಟಿ ವೆಂಕಟಾಪುರದಿಂದ ಕಾಡು ಹೊಕ್ಕರೆ ನಾಗಲೂಟಿ, ಪೆಚ್ಚೆರುವು, ಭೀಮನ ಕೊಳ, ಕೈಲಾಸದ್ವಾರ, ಆಮೇಲೆ ಶ್ರೀಶೈಲ. ಇದು 1983ರಲ್ಲಿ ಹುಲಿ ಯೋಜನೆಗೆ ಸೇರಿದ ನಾಗಾರ್ಜುನಸಾಗರ-ಶ್ರೀಶೈಲ ಅರಣ್ಯ. ಹುಲಿ, ಚಿರತೆ, ಕರಡಿ ಇವೆ. ಚೆಂಚು ಜನರ ಹಾಡಿಗಳಿವೆ. 2024ರಲ್ಲಿ ಯುಗಾದಿ ಏಪ್ರಿಲ್ 9ಕ್ಕೆ ಬಂದಿತ್ತು. ನನ್ನ ಮೊಣಕಾಲು ಐನೂರು ಕಿಲೋಮೀಟರಿಗೆ ಒಪ್ಪದ ಕಾರಣ ಆತ್ಮಕೂರಿನವರೆಗೆ ಬಸ್ಸಿನಲ್ಲಿ ಹೋಗಿ, ಬೀಗರ ತಂಡವನ್ನು ಅಲ್ಲಿ ಕೂಡಿಕೊಂಡು ಕಾಡಿನ ಭಾಗವನ್ನು ಮಾತ್ರ ನಡೆದೆ.

ಏಪ್ರಿಲ್ ತಿಂಗಳ ಆ ಕಾಡನ್ನು ನಮ್ಮ ಮಲೆನಾಡಿನ ಕಾಡಿನಂತೆ ಎಣಿಸಬಾರದು. ಮರಗಳು ಎಲೆ ಉದುರಿಸಿ ಬೋಳಾಗಿರುತ್ತವೆ. ನೆಲದಲ್ಲಿ ತರಗು, ಒಣಹುಲ್ಲು. ಒಂದು ಬೀಡಿ ತುಂಡು ಸಾಕು. ಫೆಬ್ರವರಿ-ಮಾರ್ಚಿಯಲ್ಲಿ ಬೆಂಕಿರೇಖೆ ಸವರಿ, ಬ್ಲಾಸಂ ಮಳೆ ಎಂದು ಬರುವುದೋ ಎಂದು ಆಕಾಶ ನೋಡುವ ನಮಗೆ ಇದರ ಭಯ ಹೇಳಿಕೊಡಬೇಕಾಗಿಲ್ಲ.

ಮೊದಲ ರಾತ್ರಿ ತಂಗಿದಾಗ ನಾನು ಗಮನಿಸಿದ್ದು, ತಂಡದ ಹಿರಿಯರು ಒಲೆಯನ್ನೇ ಹೂಡಲಿಲ್ಲ. ಗಂಟು ಬಿಚ್ಚಿ ಒಣಗಿಸಿದ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಪುಡಿ ತೆಗೆದರು. ಖಡಕ್ ರೊಟ್ಟಿ ವಾರಗಟ್ಟಲೆ ಕೆಡುವುದಿಲ್ಲ. ಅದಕ್ಕೆ ಬೆಂಕಿ ಬೇಡ, ತಟ್ಟೆ ಬೇಡ, ರೊಟ್ಟಿಯೇ ತಟ್ಟೆ. ಉಂಡಾದ ಮೇಲೆ ತೊಳೆಯಲು ಏನೂ ಉಳಿಯುವುದಿಲ್ಲವಾದ್ದರಿಂದ ನೀರೂ ಬೇಡ. ಹೊದೆಯಲು ಕಂಬಳಿ, ನೀರಿಗೆ ಒಂದು ಹಿತ್ತಾಳೆ ತಂಬಿಗೆ. ಪರಿಸರದ ಬಗ್ಗೆ ಭಾಷಣ ಕೇಳಿ ಹೀಗೆ ಮಾಡಿದವರಲ್ಲ. ಹೊರೆ ಕಡಿಮೆಯಾಗಲಿ ಎಂದು ಮಾಡಿದ್ದು. ಹೊರೆ ಕಡಿಮೆ ಮಾಡಿದವನು ಬಿಟ್ಟು ಹೋಗುವುದೂ ಕಡಿಮೆ. ಅವರ ಸೀಮೆಯ ಕುರಿಗಾಹಿಗಳದೂ ಇದೇ ಪದ್ಧತಿ. ಹೊಲದಲ್ಲಿ ಕುರಿ ತರುಬಿ ರಾತ್ರಿ ಕಳೆದು ಎದ್ದು ಹೋದರೆ ಅಲ್ಲಿ ಉಳಿಯುವುದು ಹಿಕ್ಕೆ ಗೊಬ್ಬರ ಮಾತ್ರ, ಅದಕ್ಕಾಗಿ ಹೊಲದವನು ಕಾಳೋ ಹಣವೋ ಕೊಡುತ್ತಾನೆ.

ಹಾಗೆಂದು ದಾರಿಯುದ್ದಕ್ಕೂ ಎಲ್ಲವೂ ಸರಿಯಿತ್ತೆಂದು ಹೇಳಲಾರೆ. ದಾಸೋಹದ ಪುಣ್ಯಾತ್ಮರು ಹಂಚಿದ ನೀರಿನ ಪೊಟ್ಟಣಗಳು ದಾರಿಯ ಎರಡೂ ಬದಿಗೆ ಬಿದ್ದಿದ್ದವು. ನೀರು ನಿಂತ ಗುಂಡಿಯೊಂದರಲ್ಲಿ ತರುಣರು ಸಾಬೂನು ಹಚ್ಚಿ ಸ್ನಾನ ಮಾಡುತ್ತಿದ್ದರು. ಬೇಸಗೆಯ ಕಾಡಿನಲ್ಲಿ ಅಂಥ ಗುಂಡಿಗಳು ಕೆಲವೇ. ಹಗಲು ನಾವು ಅಲ್ಲಿಂದ ಏಳದಿದ್ದರೆ, ರಾತ್ರಿಯೂ ಅದರ ದಡದಲ್ಲೇ ಮಲಗಿದರೆ, ಪ್ರಾಣಿಗಳು ನೀರು ಕುಡಿಯುವುದು ಯಾವಾಗ? ಹಿರಿಯರು ನೀರಿನಿಂದ ಸಾಕಷ್ಟು ದೂರ, ದಾರಿಯ ಬದಿಯಲ್ಲಿ ಮೊದಲೇ ಜನ ಮಲಗಿ ಗಟ್ಟಿಯಾದ ನೆಲದಲ್ಲೇ ಹಾಸಿಕೊಂಡದ್ದಕ್ಕೆ ಕಾರಣ ಇದೇ. ಹೊಸ ಜಾಗ ಸವರಿದರೆ ಮುಂದಿನ ವರ್ಷ ಅದೂ ಬಯಲಾಗುತ್ತದೆ ಎಂದರು.

ನೀರಿನಿಂದ ದೂರ ಎಂದರೆ ಎಷ್ಟು? ಅಮೆರಿಕದಲ್ಲಿ ಕಾಡಿನಲ್ಲಿ ತಂಗುವವರಿಗೆ ಇನ್ನೂರು ಅಡಿ ಎಂದು ಕಲಿಸುತ್ತಾರೆ. ದೊಡ್ಡವರ ಎಪ್ಪತ್ತು ಹೆಜ್ಜೆ. ಸ್ನಾನ, ಪಾತ್ರೆ ತೊಳೆಯುವುದು, ಬಹಿರ್ದೆಸೆ ಎಲ್ಲಕ್ಕೂ ಇದೇ ಅಳತೆ. ನೀರನ್ನು ತಂಬಿಗೆಯಲ್ಲಿ ಎತ್ತಿ ಒಯ್ದು ದೂರದಲ್ಲಿ ಬಳಸಬೇಕೇ ಹೊರತು ನಾವೇ ನೀರಿಗಿಳಿಯಬಾರದು. ಬಹಿರ್ದೆಸೆಗೆ ಆರೇಳು ಅಂಗುಲ ಆಳದ ಗುಂಡಿ ಸಾಕು. ಮೇಲ್ಮಣ್ಣಿನಲ್ಲೇ ಕೊಳೆಸುವ ಜೀವಾಣುಗಳು ಹೆಚ್ಚು ಇರುವುದರಿಂದ ಅದಕ್ಕಿಂತ ಆಳ ತೋಡಿದರೆ ಪ್ರಯೋಜನವಿಲ್ಲ. ಗೊಬ್ಬರದ ಗುಂಡಿ ಮಾಡುವ ನಮಗೆ ಈ ಲೆಕ್ಕ ಗೊತ್ತಿರುವುದೇ.

ಬೆಂಕಿ ಅನಿವಾರ್ಯವಾದರೆ ಹಳೆಯ ಒಲೆಯ ಜಾಗದಲ್ಲಿ, ಸುತ್ತ ತರಗು ಗುಡಿಸಿ, ಸಣ್ಣದಾಗಿ ಹೂಡಬೇಕು. ಅಭಯಾರಣ್ಯದಲ್ಲಿ ಅಪಾಯವಾಗುವಂತೆ ಬೆಂಕಿ ಹೊತ್ತಿಸುವುದು, ಉರಿಯುವ ಬೆಂಕಿಯನ್ನು ಬಿಟ್ಟು ಹೋಗುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಪ್ರಕಾರ ಅಪರಾಧವೂ ಹೌದು. ಬೂದಿಗೆ ಮಣ್ಣು ಮುಚ್ಚಿದರೆ ಆರಿತೆಂದು ತಿಳಿಯುವುದು ದೊಡ್ಡ ತಪ್ಪು. ಮಣ್ಣಿನಡಿ ಕೆಂಡ ಗಂಟೆಗಟ್ಟಲೆ ಜೀವ ಹಿಡಿದಿರುತ್ತದೆ. ನೀರು ಹುಯ್ದು, ಕಲಸಿ, ಮತ್ತೆ ಹುಯ್ದು, ಕೈಯಿಟ್ಟು ನೋಡಬೇಕು. ಕೈ ಇಡಲಾಗದಿದ್ದರೆ ಬಿಟ್ಟು ಹೊರಡಬಾರದು.

ಇನ್ನು ನಮ್ಮ ಹಾಳೆ ತಟ್ಟೆಯ ವಿಷಯ. ಪ್ಲಾಸ್ಟಿಕ್ ತಟ್ಟೆ, ಲೋಟ, ಚಮಚಗಳನ್ನು ದೇಶದಲ್ಲಿ 2022ರ ಜುಲೈ 1ರಿಂದ ನಿಷೇಧಿಸಲಾಗಿದೆ. ಆದರೂ ಕಾಗದದ ಲೋಟದ ಒಳಮೈಗೆ ಪ್ಲಾಸ್ಟಿಕ್ ಪದರವಿರುವುದನ್ನು ಜನ ಗಮನಿಸುವುದಿಲ್ಲ. ಅದು ತೋಟದಲ್ಲಿ ಬಿದ್ದರೆ ಕಾಗದ ಕೊಳೆತು ಪದರ ಉಳಿಯುತ್ತದೆ. ದಾಸೋಹಕ್ಕೆ ಹಾಳೆ ತಟ್ಟೆ ಕೊಡುವುದು ಖಂಡಿತ ಮೇಲು. (2025ರಲ್ಲಿ ಅಮೆರಿಕ ಅಡಿಕೆಯ ರಾಸಾಯನಿಕಾಂಶದ ನೆಪದಲ್ಲಿ ಇದರ ಆಮದಿಗೆ ತಡೆಯೊಡ್ಡಿದ ಮೇಲೆ ಊರಿನ ಮಾರುಕಟ್ಟೆಯನ್ನೂ ನಾವು ಸ್ವಲ್ಪ ನೋಡಿಕೊಳ್ಳುವುದು ಒಳ್ಳೆಯದು.) ಆದರೆ ನಮ್ಮ ಮಾಲೆಂದು ಸುಳ್ಳು ಹೇಳಲಾಗದು: ಹಾಳೆ ಕೊಳೆಯುತ್ತದೆಂದು ಉಂಡ ತಟ್ಟೆಯನ್ನು ಕಾಡಿನಲ್ಲಿ ಎಸೆಯುವುದೂ ಸರಿಯಲ್ಲ. ಹಾಳೆಯನ್ನು ದನ ಹೇಗೆ ತಿನ್ನುತ್ತದೆಂದು ನಮಗೆ ಗೊತ್ತು. ಉಪ್ಪು-ಸಾರು ಹಿಡಿದ ತಟ್ಟೆಯ ವಾಸನೆಗೆ ಕೋತಿ, ಹಂದಿ, ಕರಡಿ ದಾರಿಯ ಬಳಿಗೆ ಬರುತ್ತವೆ. ಒಮ್ಮೆ ರುಚಿ ಕಂಡ ಪ್ರಾಣಿ ಮರಳಿ ಬಂದೇ ಬರುತ್ತದೆ. ಬಾಳೆಹಣ್ಣಿನ ಸಿಪ್ಪೆಗೂ ಇದೇ ಮಾತು ಅನ್ವಯಿಸುತ್ತದೆ. ತಟ್ಟೆಗಳನ್ನು ಒಟ್ಟುಮಾಡಿ ಹೊರಗೆ ತಂದು ಗೊಬ್ಬರದ ಗುಂಡಿಗೆ ಹಾಕಬೇಕು.

ಬರುವ ಶಿವರಾತ್ರಿಗೆ ಚಾರ್ಮಾಡಿ ರಸ್ತೆಯ ಸದಸ್ಯರು ಒಂದು ಪ್ರಯೋಗ ಮಾಡಬಹುದು. ನೀರಿನ ಪೊಟ್ಟಣ, ಬಾಟಲಿ ಹಂಚುವ ಬದಲು ಗೇಟಿನ ಬಳಿ ಹಂಡೆಯಲ್ಲಿ ನೀರಿಟ್ಟು, ಬಂದವರ ಬಾಟಲಿಗೇ ತುಂಬಿಕೊಡುವುದು. ಮಲಗಲು ಕೊಡುವ ಜಾಗ ತರಗಿಲ್ಲದ ಕಣವೇ ಆಗಿರಲಿ, ಪಕ್ಕದಲ್ಲಿ ಎರಡು ಕೊಡ ನೀರು ತುಂಬಿಟ್ಟಿರಲಿ. ರೋಬಸ್ಟಾ ಒಣಗಲು ಹಾಕಿದ ಕಣವಾದರೆ ಹಿಂದಿನ ಸಂಜೆಯೇ ಕಾಫಿಯನ್ನು ರಾಶಿ ಮಾಡಿ ಟಾರ್ಪಾಲು ಮುಚ್ಚಿಡಬೇಕಾದೀತು. ನಾನು ಬೀಗರ ಮನೆಯಿಂದ ಎರಡು ಗಂಟು ರೊಟ್ಟಿ ತರಿಸಿದ್ದೇನೆ. ನಮ್ಮ ಗೇಟಿನಲ್ಲಿ ಈ ಸಲ ಉಪ್ಪಿಟ್ಟಿನ ಬದಲು ಅದನ್ನೇ ಕೊಡುವುದೆಂದು ಮನೆಯಲ್ಲಿ ಒಪ್ಪಿಗೆಯಾಗಿದೆ.