ಬಗದಾದಿನಿಂದ ಬಂದ ಸಾಹುಕಾರ: ಡೇವಿಡ್ ಸಸೂನ್

ಪುಣೆಯಲ್ಲಿ ಸಸೂನ್ ಆಸ್ಪತ್ರೆ, ಮುಂಬಯಿಯಲ್ಲಿ ಸಸೂನ್ ಡಾಕ್, ಅಲ್ಲಿಯೇ ಕಾಲಾ ಘೋಡಾದ ಬಳಿ ಡೇವಿಡ್ ಸಸೂನ್ ಗ್ರಂಥಾಲಯ. ಊರಿಗೆ ಹೋಗಿ ಬರುವ ದಾರಿಯಲ್ಲಿ ನಾವೆಲ್ಲರೂ ಈ ಹೆಸರನ್ನು ಓದಿದವರೇ. ಯಾರೋ ಇಂಗ್ಲಿಷ್ ದೊರೆಯದಿರಬೇಕೆಂದು ತಿಳಿದವರೂ ಉಂಟು. ಆದರೆ ಆ ಪುಣ್ಯಾತ್ಮನಿಗೆ ಇಂಗ್ಲಿಷ್ ಸರಿಯಾಗಿ ಬರುತ್ತಲೇ ಇರಲಿಲ್ಲ! ಆತ ಬಗದಾದಿನ ಯೆಹೂದಿ; ನಮ್ಮಂತೆ ನೌಕರಿಗಾಗಿ ಅಲ್ಲ, ಪ್ರಾಣಭಯದಿಂದ ಊರು ಬಿಟ್ಟವನು.

ಆ ಕಡೆಯ ಯೆಹೂದಿ ವರ್ತಕರಿಗೆ ನಮ್ಮ ಸೂರತ್ತು ಮುಂಬಯಿಗಿಂತ ಹಳೆಯ ಬಿಡಾರ. ಹದಿನೆಂಟನೆಯ ಶತಮಾನದಲ್ಲಿ ಅಲೆಪ್ಪೊ, ಬಗದಾದ್, ಬಸ್ರಾಗಳಿಂದ ಬಂದವರು ತಾಪಿಯ ದಂಡೆಯ ಈ ಪೇಟೆಯಲ್ಲಿ ನೆಲೆಯೂರಿ, ತಮ್ಮದೊಂದು ಪ್ರಾರ್ಥನಾ ಮಂದಿರವನ್ನೂ ಸ್ಮಶಾನವನ್ನೂ ಮಾಡಿಕೊಂಡಿದ್ದರು. 1762ರಲ್ಲಿ ಅಲೆಪ್ಪೊದಲ್ಲಿ ಹುಟ್ಟಿದ ಶಾಲೋಮ್ ಕೊಹೆನ್ ಇಲ್ಲಿ ವ್ಯಾಪಾರ ಮಾಡಿ, 1798ರಲ್ಲಿ ಕಲಕತ್ತೆಗೆ ಹೋಗಿ ಅಲ್ಲಿನ ಯೆಹೂದಿ ಸಮಾಜಕ್ಕೆ ಮೂಲಪುರುಷನಾದ. ಹಡಗುಗಳು ಮುಂಬಯಿಯ ದಾರಿ ಹಿಡಿದಂತೆ ಸೂರತ್ತಿನ ಉಳಿದವರೂ ಒಬ್ಬೊಬ್ಬರಾಗಿ ಅತ್ತ ಸರಿದರು. ಸಸೂನ್ ಬರುವ ಹೊತ್ತಿಗೆ ಸೂರತ್ತಿನ ಕಾಲ ಮುಗಿದಿತ್ತು.

ಡೇವಿಡ್ ಹುಟ್ಟಿದ್ದು 1792ರಲ್ಲಿ. ತಂದೆ ಬಗದಾದಿನ ಪಾಷಾಗಳ ಖಜಾಂಚಿ, ಯೆಹೂದಿ ಸಮಾಜದ ಮುಖ್ಯಸ್ಥ. ದಾವೂದ್ ಪಾಷಾನ ಕಿರುಕುಳ ಹೆಚ್ಚಲು, ಮಗ ಪರ್ಷಿಯಾದ ಬುಶಹರ ಬಂದರಿಗೆ ಓಡಿಬಂದ; ಅಲ್ಲಿಂದ 1832ರ ಸುಮಾರಿಗೆ ಮುಂಬಯಿಗೆ. ಆಗಲೇ ನಲವತ್ತರ ವಯಸ್ಸು. ನಮ್ಮಲ್ಲಿ ಆ ವಯಸ್ಸಿಗೆ ಪಿಂಚಣಿಯ ಲೆಕ್ಕ ಹಾಕಲು ತೊಡಗುತ್ತೇವೆ.

ಆತ ಕಟ್ಟಿದ ವ್ಯಾಪಾರಕ್ಕಿಂತ ಅದನ್ನು ಕಟ್ಟಿದ ರೀತಿಯೇ ಸ್ವಾರಸ್ಯವಾದದ್ದು. ಬಗದಾದಿನಿಂದ ನಿರ್ಗತಿಕನಾಗಿ ಬಂದ ಯೆಹೂದಿಗೆ ಸಸೂನ್ ಪೇಢಿಯಲ್ಲಿ ಕೆಲಸ, ಅವನ ಮಕ್ಕಳಿಗೆ ಶಾಲೆ. ಅಲ್ಲಿ ಹೀಬ್ರೂ, ಅರಬ್ಬಿಗಳ ಜೊತೆಗೆ ಇಂಗ್ಲಿಷನ್ನೂ ಲೆಕ್ಕಪತ್ರವನ್ನೂ ಕಲಿಸುತ್ತಿದ್ದರು. ಕಲಿತ ಹುಡುಗ ಗುಮಾಸ್ತನಾಗಿ ಹಾಂಗ್‌ಕಾಂಗ್‌ಗೋ ಶಾಂಘೈಗೋ ಹೋಗುವನು. ಕಾಯಿಲೆ ಬಿದ್ದರೆ ಆಸ್ಪತ್ರೆ, ಸತ್ತರೆ ಮಣ್ಣಿಗೆ ಜಾಗ, ಎಲ್ಲವೂ ಪೇಢಿಯ ಜವಾಬ್ದಾರಿ. ಪ್ರತಿಯೊಂದು ವ್ಯವಹಾರದ ಮೇಲೂ ನೂರು ರೂಪಾಯಿಗೆ ನಾಲ್ಕಾಣೆಯನ್ನು ದಾನದ ಖಾತೆಗೆ ಹಾಕುವ ಪದ್ಧತಿ ಇತ್ತು. ನಮ್ಮ ಗುಜರಾತಿ ಶೇಠರು ಚೋಪಡಿಯಲ್ಲಿ ‘ಧರ್ಮಾದಾ’ ಎಂದು ತೆಗೆದಿಡುವ ಹಾಗೆಯೇ.

ಮನೆಯ ಭಾಷೆಯನ್ನು ಆತ ಬಿಡಲಿಲ್ಲ. ಪತ್ರವ್ಯವಹಾರವೆಲ್ಲ ಬಗದಾದಿನ ಅರಬ್ಬಿಯಲ್ಲಿ, ಹೀಬ್ರೂ ಲಿಪಿಯಲ್ಲಿ. ಪ್ರತಿಸ್ಪರ್ಧಿಗಳ ಕೈಗೆ ಸಿಕ್ಕರೂ ಅವರಿಗೆ ಓದಲು ಬಾರದು. ಇಲ್ಲಿನವರೊಡನೆ ಮಾತನಾಡಲು ಹಿಂದೂಸ್ತಾನಿ ಕಲಿತ. 1853ರಲ್ಲಿ ಬ್ರಿಟಿಷ್ ಪ್ರಜೆಯಾದಾಗ ಸರ್ಕಾರಿ ಕಾಗದದ ಮೇಲೆ ಹಾಕಿದ ರುಜುವೂ ಹೀಬ್ರೂ ಅಕ್ಷರದಲ್ಲೇ. ಆ ಕಾಗದವನ್ನು ಕಡತಕ್ಕೆ ಸೇರಿಸಿದ ಗುಮಾಸ್ತನ ಮುಖವನ್ನು ನಾನು ಚೆನ್ನಾಗಿ ಊಹಿಸಬಲ್ಲೆ.

ಇನ್ನು ಹಣದ ಮೂಲ. ದಾನಿಗಳ ಚರಿತ್ರೆ ಬರೆಯುವವರು ಸಾಮಾನ್ಯವಾಗಿ ಈ ಪುಟವನ್ನು ಬೇಗ ಮಗುಚಿಬಿಡುತ್ತಾರೆ. ಸಸೂನ್ ಮಾರಿದ್ದು ಹತ್ತಿ, ಜವಳಿ ಮಾತ್ರವಲ್ಲ, ಅಫೀಮು ಕೂಡ. ಮಾಳವದಲ್ಲಿ ಬೆಳೆದ ಅಫೀಮು ಕಂಪನಿ ಸರ್ಕಾರದ ಪರವಾನಗಿ ಶುಲ್ಕ ತೆತ್ತು ಮುಂಬಯಿಗೆ ಬಂದು, ಅಲ್ಲಿಂದ ಚೀನಕ್ಕೆ ಹೋಗುತ್ತಿತ್ತು. ಮಗ ಎಲಿಯಾಸ್ 1844ರಲ್ಲಿ ಚೀನಕ್ಕೆ ಹೋದಾಗ ಅಲ್ಲಿ ಅಫೀಮಿಗೆ ನಿಷೇಧವಿತ್ತು; ಎರಡನೆಯ ಅಫೀಮು ಯುದ್ಧದ ನಡುವೆ, 1858ರಲ್ಲಿ, ಅದನ್ನು ತೆಗೆಸಲಾಯಿತು. ಆ ಕಾಲದಲ್ಲಿ ಇದು ಸಸೂನರೊಬ್ಬರ ಪಾಪವೂ ಅಲ್ಲ. ನವಸಾರಿಯಲ್ಲಿ ಬೆಳೆದ ಜಮ್‌ಶೇಟ್‌ಜಿ ಜೀಜೀಭಾಯಿಯವರ ದಾನಧರ್ಮಗಳ ಹಿಂದೆಯೂ ಚೀನದ ಅಫೀಮಿದೆ. ಸುಂಕದ ಹಣವಂತೂ ಸರ್ಕಾರದ ಬೊಕ್ಕಸಕ್ಕೇ. ಆದರೂ ಆ ನಾಲ್ಕಾಣೆ ಧರ್ಮಾದಾದಲ್ಲಿ ಚೀನದ ಯಾವನೋ ಬಡವನ ಮನೆಮಠದ ಬೆಲೆಯೂ ಸೇರಿತ್ತೆಂಬುದು ನನ್ನ ಮನಸ್ಸಿನಿಂದ ಹೋಗುವುದಿಲ್ಲ. ಪುಣೆಯ ಆಸ್ಪತ್ರೆಯಲ್ಲಿ ಬದುಕಿ ಹೊರಬಂದವರ ಲೆಕ್ಕವನ್ನು ಅದರ ಎದುರಿಗಿಟ್ಟರೂ ಬಾಕಿ ತೀರದು.

1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಹತ್ತಿ ಅಲ್ಲಿನ ಅರಳೆ ನಿಂತಾಗ, ಲ್ಯಾಂಕಶೈರಿನ ಗಿರಣಿಗಳು ನಮ್ಮ ದೇಶದ ಕಡೆ ತಿರುಗಿದವು. ಭಾರತದ ಹತ್ತಿಗೆ ಅಲ್ಲಿನ ಪೇಟೆಯಲ್ಲಿ ‘ಸೂರತ್’ ಎಂದೇ ಹೆಸರು. ಭರೂಚದ ಹತ್ತಿಯೊಡನೆ ನಮ್ಮ ಧಾರವಾಡದ ಕರಿನೆಲದ ಹತ್ತಿಯೂ ಕುಮಟೆಯ ಬಂದರಿನಿಂದ ಹಡಗು ಹತ್ತಿತು. ಮುಂಬಯಿಯ ವರ್ತಕರು ಹಣದ ಮಳೆಯಲ್ಲಿ ನೆಂದರು. 1865ರಲ್ಲಿ ಯುದ್ಧ ಮುಗಿದದ್ದೇ ತಡ, ಅನೇಕರು ದಿವಾಳಿಯಾದರು. ಸಸೂನರ ಪೇಢಿ ಉಳಿಯಿತು.

ಅದನ್ನು ನೋಡಲು ಡೇವಿಡ್ ಇರಲಿಲ್ಲ. 1864ರ ನವೆಂಬರಿನಲ್ಲಿ ಪುಣೆಯಲ್ಲಿ ತೀರಿಕೊಂಡ. ತಾನೇ ಕಟ್ಟಿಸತೊಡಗಿದ್ದ, ಜನ ‘ಲಾಲ್ ದೇವಳ’ ಎಂದು ಕರೆಯುವ ಕೆಂಪು ಇಟ್ಟಿಗೆಯ ಪ್ರಾರ್ಥನಾ ಮಂದಿರದ ಆವರಣದಲ್ಲೇ ಸಮಾಧಿ. ಮಕ್ಕಳು ಮೊಮ್ಮಕ್ಕಳು ಬರಬರುತ್ತ ಲಂಡನ್ನಿನ ದೊಡ್ಡಮನೆಗಳನ್ನು ಸೇರಿದರು. ಹಿರಿಯ ಮಗ 1890ರಲ್ಲಿ ಬ್ಯಾರನೆಟ್ ಆದ. ಮರಿಮಗ ಸೀಗ್‌ಫ್ರೀಡ್ ಸಸೂನ್ ಮೊದಲನೆಯ ಮಹಾಯುದ್ಧದ ಇಂಗ್ಲಿಷ್ ಕವಿಯೆಂದು ಹೆಸರಾದ. ಹೀಬ್ರೂ ಲಿಪಿಯ ಬಗದಾದಿ ಅರಬ್ಬಿಯಿಂದ ಇಂಗ್ಲಿಷ್ ಕವಿತೆಯವರೆಗೆ ನಾಲ್ಕೇ ತಲೆಮಾರು.

ಆಸ್ಪತ್ರೆ ಮುಗಿದದ್ದು 1867ರಲ್ಲಿ. ಪುಣೆ ಸ್ಟೇಷನ್ನಿನಿಂದ ಕಾಲುನಡಿಗೆಯ ದೂರ. ನಮ್ಮ ಅಹಮದಾಬಾದಿನಲ್ಲಿರುವ ಹಾಗೆಯೇ ಅಲ್ಲಿಯೂ ಬಿ.ಜೆ. ಹೆಸರಿನ ವೈದ್ಯಕೀಯ ಕಾಲೇಜೊಂದಿದ್ದು, ಅದರ ವಿದ್ಯಾರ್ಥಿಗಳು ರೋಗಿಗಳನ್ನು ನೋಡಿ ಕಲಿಯುವುದು ಈ ಆಸ್ಪತ್ರೆಯಲ್ಲೇ.