ಒಂಟಿ ಎಂಜಿನ್ನೋ, ಜೋಡಿ ಎಂಜಿನ್ನೋ?

ಜೋಡೆತ್ತಿನ ಗಾಡಿಯಲ್ಲಿ ಒಂದು ಎತ್ತು ಕುಂಟಿದರೂ ಇನ್ನೊಂದರ ನೆರವಿನಿಂದ ಹೇಗೋ ಊರು ಸೇರಬಹುದು. ಇದೇ ಲೆಕ್ಕವನ್ನು ವಿಮಾನಕ್ಕೂ ಹಚ್ಚಿ, ಒಂದು ಎಂಜಿನ್ನಿಗಿಂತ ಎರಡು ಎಂಜಿನ್ನು ಇಮ್ಮಡಿ ಕ್ಷೇಮವೆಂದು ನಂಬುವವರು ಬಹಳ. ಆದರೆ ಆಕಾಶದ ಗಣಿತ ಅಷ್ಟು ಸುಲಭವಾದುದಲ್ಲ. ಅದನ್ನು ತಿಳಿಯಲು ದೂರದ ದೇಶಗಳಿಗೆ ಹೋಗಬೇಕಾಗಿಲ್ಲ. ಹಲವು ಪುಟ್ಟ ವಿಮಾನಗಳಿಗೆ ಜನ್ಮವಿತ್ತ ಬೆಂಗಳೂರಿನ ಇತಿಹಾಸವೇ ಸಾಕು.

ವಾಲಚಂದ್ ಹೀರಾಚಂದರು ಮೈಸೂರು ಸರ್ಕಾರದ ಸಹಕಾರದಿಂದ 1940ರ ಡಿಸೆಂಬರಿನಲ್ಲಿ ಬೆಂಗಳೂರಿನಲ್ಲಿ ವಿಮಾನ ಕಾರ್ಖಾನೆಯನ್ನು ಸ್ಥಾಪಿಸಿದರು. ಜರ್ಮನಿಯ ಗಟಿಂಗೆನ್ನಿನಲ್ಲಿ ಪ್ರಾಂಟ್ಲರಂತಹ ಗುರುಗಳ ಬಳಿ ವ್ಯಾಸಂಗ ಮಾಡಿ ಬಂದ ಡಾ. ವಿ. ಎಂ. ಘಾಟಗೆಯವರು ಅಲ್ಲಿ ವಿನ್ಯಾಸದ ಹೊಣೆ ಹೊತ್ತರು. ಅವರ ನೇತೃತ್ವದಲ್ಲಿ ರೂಪುಗೊಂಡ ಎಚ್‌ಟಿ-2 ಎಂಬ ತರಬೇತಿ ವಿಮಾನ 1951ರ ಆಗಸ್ಟಿನಲ್ಲಿ ಮೊದಲ ಬಾರಿಗೆ ನೆಲ ಬಿಟ್ಟಿತು. ಲೋಹದ ಮೈ, ಕೆಳಗೆ ಜೋಡಿಸಿದ ರೆಕ್ಕೆ, ಒಂದರ ಹಿಂದೊಂದು ಎರಡು ಆಸನ, ಮೂಗಿನಲ್ಲಿ 155 ಅಶ್ವಶಕ್ತಿಯ ಸಿರಸ್ ಮೇಜರ್ ಎಂಜಿನ್ನು. ತುಂಬಿದ ತೂಕ 2,240 ಪೌಂಡು, ಅಂದರೆ ಸರಿಯಾಗಿ ಹಳೆಯ ಲೆಕ್ಕದ ಒಂದು ಟನ್ನು. ಒಂದೊಂದು ಅಶ್ವಶಕ್ತಿಯ ಪಾಲಿಗೆ ಹದಿನಾಲ್ಕೂವರೆ ಪೌಂಡಿನ ಹೊರೆ! ವಾಯುಪಡೆಯ ಎಳೆಯ ಚಾಲಕರ ಎಷ್ಟೋ ತಂಡಗಳು ಇದರಲ್ಲೇ ರೆಕ್ಕೆ ಬಲಿಸಿಕೊಂಡವು.

ಅನಂತರ 1958ರಲ್ಲಿ ಬಂದುದು ಪುಷ್ಪಕ. ಹೆಸರು ರಾಮಾಯಣದ್ದು, ಶಕ್ತಿ ಕೇವಲ 90 ಕುದುರೆಗಳದ್ದು! ಉಕ್ಕಿನ ಕೊಳವೆಗಳ ಹಂದರಕ್ಕೆ ಬಟ್ಟೆ ಹೊದಿಸಿದ ಈ ಹಗುರ ವಿಮಾನ ದೇಶದ ಹಾರಾಟದ ಕ್ಲಬ್ಬುಗಳ ಅಚ್ಚುಮೆಚ್ಚಿನದಾಯಿತು. 1959ರಲ್ಲಿ ಹಾರಿದ ಅದರ ಹಿರಿಯಣ್ಣ ಕೃಷಕ್‌ಗೆ 225 ಅಶ್ವಶಕ್ತಿ. ಅದು ಸೇನೆಯ ವೀಕ್ಷಣೆಯ ಕೆಲಸಕ್ಕೆ ನಿಂತಿತು. ಇವೆಲ್ಲವೂ ಒಂಟಿ ಎಂಜಿನ್ನಿನವೇ.

ಹಾಗಾದರೆ ಆ ಒಂದೇ ಎಂಜಿನ್ನು ನಡುದಾರಿಯಲ್ಲಿ ನಿಂತರೆ ಗತಿಯೇನು?

ಬೆಂಗಳೂರಿನ ಜಕ್ಕೂರಿನಿಂದ ಯಳಂದೂರು ತಾಲ್ಲೂಕಿನ ಮಾಂಬಳ್ಳಿಗೆ ಹಕ್ಕಿಯ ಹಾದಿಯಲ್ಲಿ ಸುಮಾರು 80 ಮೈಲಿ. ಗಂಟೆಗೆ 115 ಮೈಲಿಯಂತೆ ಸಾಗುವ ಎಚ್‌ಟಿ-2ಗೆ ಅದು ಮುಕ್ಕಾಲು ಗಂಟೆಯೊಳಗಿನ ಪಯಣ. ಅಂತಹ ವಿಮಾನವೊಂದು ಮಾಂಬಳ್ಳಿಯ ನೆಲದಿಂದ 5,000 ಅಡಿ ಮೇಲಿರುವಾಗ ಎಂಜಿನ್ನು ಮೌನ ತಾಳಿತೆಂದು ಭಾವಿಸೋಣ. ವಿಮಾನ ಕಲ್ಲಿನಂತೆ ಕೆಳಗೆ ಬೀಳುವುದಿಲ್ಲ. ಈ ವರ್ಗದ ವಿಮಾನಗಳು ಒಂದು ಅಡಿ ಇಳಿಯುವಷ್ಟರಲ್ಲಿ ಸುಮಾರು ಒಂಬತ್ತು ಅಡಿ ಮುಂದೆ ಜಾರುತ್ತವೆ. ಗಾಳಿ ನಿಶ್ಚಲವಾಗಿದ್ದರೆ ಎಂಟು ಮೈಲಿಗೂ ಮಿಗಿಲಾದ ದೂರ, ಏಳು ನಿಮಿಷದ ಅವಕಾಶ ಚಾಲಕನ ಕೈಯಲ್ಲಿರುತ್ತದೆ.

ಆ ಏಳು ನಿಮಿಷದಲ್ಲಿ ಅವನು ನೆಲವನ್ನು ಓದಬೇಕು. ದಕ್ಷಿಣದಲ್ಲಿ ಬಿಳಿಗಿರಿರಂಗನ ಬೆಟ್ಟದ ದಟ್ಟ ಕಾಡು; ಅತ್ತ ತಿರುಗುವಂತಿಲ್ಲ. ನೀರು ನಿಂತ ಗದ್ದೆ ಮೇಲಿನಿಂದ ಸಮತಟ್ಟಾಗಿ ಕಂಡರೂ ಕೆಸರಿನಲ್ಲಿ ಚಕ್ರ ಹೂತು ವಿಮಾನ ಮಗುಚೀತು. ಕೊಯ್ಲು ಮುಗಿದು ಒಣಗಿದ ಹೊಲವೇ ಲೇಸು. ಗಾಳಿಗೆ ಎದುರಾಗಿ, ಆದಷ್ಟು ಮೆಲ್ಲನೆ ಅಲ್ಲಿ ಇಳಿಯಬೇಕು.

ಈ ‘ಮೆಲ್ಲನೆ’ ಎಂಬುದರಲ್ಲಿಯೇ ವಿನ್ಯಾಸದ ಗುಟ್ಟಡಗಿದೆ. ವೇಗ ಇಮ್ಮಡಿಯಾದರೆ ಅಪ್ಪಳಿಸುವ ಶಕ್ತಿ ನಾಲ್ಮಡಿಯಾಗುತ್ತದೆ. ಆದ್ದರಿಂದಲೇ ಅಮೆರಿಕದ ನಿಯಮಗಳು ಬಹುಕಾಲ ಒಂಟಿ ಎಂಜಿನ್ನಿನ ಪುಟ್ಟ ವಿಮಾನಗಳಿಗೆ ಒಂದು ಗೆರೆ ಎಳೆದಿದ್ದವು: ರೆಕ್ಕೆ ತನ್ನ ಎತ್ತುವ ಬಲವನ್ನು ಕಳೆದುಕೊಳ್ಳುವ ವೇಗ 61 ನಾಟ್, ಅಂದರೆ ಗಂಟೆಗೆ ಸುಮಾರು 70 ಮೈಲಿಯನ್ನು ಮೀರಬಾರದು. ರೆಕ್ಕೆ ಅಗಲವಾದಷ್ಟೂ ಈ ವೇಗ ತಗ್ಗುತ್ತದೆ, ಆದರೆ ಓಟದ ಚುರುಕೂ ತಗ್ಗುತ್ತದೆ. ಒಂದನ್ನು ಕೊಟ್ಟು ಇನ್ನೊಂದನ್ನು ಕೊಳ್ಳುವ ವ್ಯಾಪಾರವೇ ವಿಮಾನದ ವಿನ್ಯಾಸ.

ಇನ್ನು ಜೋಡಿ ಎಂಜಿನ್ನಿನ ಮಾತು. ತಲಾ 150 ಅಶ್ವಶಕ್ತಿಯ ಎರಡು ಎಂಜಿನ್ನುಗಳಿರುವ ವಿಮಾನವೊಂದಕ್ಕೆ ಇಳಿಯದೆ ಏರದೆ ಸಮನಾಗಿ ಹಾರಲು 120 ಅಶ್ವಶಕ್ತಿ ಬೇಕೆಂದು ಇಟ್ಟುಕೊಳ್ಳೋಣ. ಮೇಲೇರಲು ಉಳಿಯುವುದು 180. ಒಂದು ಎಂಜಿನ್ನು ನಿಂತಿತೆನ್ನಿ. ಕಳೆದುಹೋದುದು ಅರ್ಧ ಶಕ್ತಿಯಾದರೂ ಏರಲು ಉಳಿಯುವುದು ಕೇವಲ 30. ಅರ್ಧ ಹೋಯಿತೆಂದುಕೊಂಡವನ ಕೈಯಿಂದ ಆರರಲ್ಲಿ ಐದು ಪಾಲು ಜಾರಿದೆ! ಸಾಲದುದಕ್ಕೆ, ನಿಂತ ಎಂಜಿನ್ನಿನ ಪ್ರೊಪೆಲ್ಲರು ಗಾಳಿಗೆ ಅಡ್ಡವಾಗುತ್ತದೆ. ಬದುಕಿರುವ ಎಂಜಿನ್ನು ವಿಮಾನದ ಮೂಗನ್ನು ಒಂದೇ ಮಗ್ಗುಲಿಗೆ ತಿರುಗಿಸುತ್ತದೆ. ವೇಗ ಒಂದು ಮಿತಿಗಿಂತ ಇಳಿದರೆ ಬಾಲದ ಚುಕ್ಕಾಣಿಯೂ ಅದನ್ನು ತಡೆಯಲಾರದು.

ಕರ್ನಾಟಕದ ಎತ್ತರದ ನೆಲ ಈ ಲೆಕ್ಕವನ್ನು ಇನ್ನಷ್ಟು ಬಿಗಿ ಮಾಡುತ್ತದೆ. ಜಕ್ಕೂರು ಸಮುದ್ರಮಟ್ಟದಿಂದ ಸುಮಾರು 3,000 ಅಡಿ ಮೇಲಿದೆ. ಬೇಸಗೆಯ ಮಧ್ಯಾಹ್ನ ಉಷ್ಣತೆ 34 ಡಿಗ್ರಿಗೇರಿದಾಗ ಅಲ್ಲಿಯ ಗಾಳಿ 6,000 ಅಡಿಯ ಗಾಳಿಯಷ್ಟು ತೆಳುವಾಗಿರುತ್ತದೆ. ತೆಳುಗಾಳಿಯನ್ನು ಉಸಿರಾಡುವ ಸಾಧಾರಣ ಪಿಸ್ಟನ್ ಎಂಜಿನ್ನು ತನ್ನ ಬಲದ ಐದನೆಯ ಒಂದಂಶವನ್ನು ಬಿಟ್ಟುಕೊಡುತ್ತದೆ. ಆಗ 150 ಎಂಬುದು 120 ಆಯಿತು. ಒಂಟಿಯಾಗಿ ಉಳಿದ ಎಂಜಿನ್ನಿಗೆ ಮೇಲೇರುವ ಶಕ್ತಿ ಶೂನ್ಯ! ನೆಲ ಬಿಡುವ ಗಳಿಗೆಯಲ್ಲಿ ಹೀಗಾದರೆ ಚಾಲಕ ಹಟ ಹಿಡಿಯದೆ ಎದುರಿನ ನೆಲಕ್ಕೇ ಇಳಿಯುವುದು ಮೇಲು.

ಹಾಗೆಂದು ಒಂಟಿ ಎಂಜಿನ್ನೇ ಶ್ರೇಷ್ಠವೆಂದು ತೀರ್ಪು ಕೊಡುವಂತಿಲ್ಲ. ಬೆಂಗಳೂರಿನ ವಿನ್ಯಾಸವೇ ಆದ ಎಚ್‌ಪಿಟಿ-32 ದೀಪಕ್ 1977ರ ಜನವರಿಯಲ್ಲಿ ಮೊದಲು ಹಾರಿತು. 260 ಅಶ್ವಶಕ್ತಿಯ ಈ ತರಬೇತಿ ವಿಮಾನ ವಾಯುಪಡೆಗೆ ಬಹುಕಾಲ ಸೇವೆ ಸಲ್ಲಿಸಿದರೂ, ಹಾರುತ್ತಿರುವಾಗಲೇ ಎಂಜಿನ್ನು ನಿಲ್ಲುವ ಕೇಡು ಅದನ್ನು ಕಾಡಿತು. ಹಲವು ಚಾಲಕರು ಪ್ರಾಣ ತೆತ್ತರು. 2009ರ ಜುಲೈನಲ್ಲಿ ಇಬ್ಬರು ಶಿಕ್ಷಕರು ಮಡಿದ ಬಳಿಕ ಇಡೀ ಪಡೆಯನ್ನೇ ನೆಲಕ್ಕಿಳಿಸಲಾಯಿತು. ಎಂಜಿನ್ನು ಒಂದೇ ಆದಾಗ ಅದಕ್ಕೆ ಇಂಧನ ಉಣಿಸುವ ಕೊಳವೆಯೂ ಪಂಪೂ ಜೀವನಾಡಿಗಳೇ ಆಗುತ್ತವೆ. ಹಾರುವುದನ್ನು ಕಲಿಯುತ್ತಿರುವ ತರುಣನಿಗೆ ಎಂಟು ಮೈಲಿಯ ಜಾರುದಾರಿ ಎಲ್ಲ ವೇಳೆಯಲ್ಲಿಯೂ ದೊರಕುವುದಿಲ್ಲ.

ಬೆಂಗಳೂರಿನ ರಾಷ್ಟ್ರೀಯ ವಾಂತರಿಕ್ಷ ಪ್ರಯೋಗಾಲಯ ಇನ್ನೊಂದು ದಾರಿ ತುಳಿಯಿತು. ಅದರ ‘ಹಂಸ’ದ ಮೊದಲ ಮಾದರಿ 1993ರ ನವೆಂಬರಿನಲ್ಲಿ ಹಾರಿತು. ಲೋಹದ ಬದಲು ಗಾಜಿನ ನಾರನ್ನು ರಾಳದಲ್ಲಿ ಅದ್ದಿ ಎರಕ ಹೊಯ್ದ ನುಣುಪಾದ ಮೈ ಅದರದು. 2000ದಲ್ಲಿ ಅಧಿಕೃತ ಮನ್ನಣೆ ಪಡೆದ ಹಂಸ-3ರ ಎಂಜಿನ್ನಿಗೆ ತೆಳುಗಾಳಿಯನ್ನು ಒತ್ತಿ ತುಂಬುವ ಟರ್ಬೊ ಇತ್ತು; ಎತ್ತರದಲ್ಲಿ ಉಸಿರು ಕಟ್ಟುವ ತೊಡಕಿಗೆ ಅದೊಂದು ಪರಿಹಾರ. 2021ರ ಸೆಪ್ಟೆಂಬರಿನಲ್ಲಿ ಹಾರಿದ ಹೊಸ ಹಂಸ-ಎನ್‌ಜಿಯಲ್ಲಿ ಇಂಧನದ ಹನಿಯನ್ನು ವಿದ್ಯುತ್ ಮಿದುಳೇ ಅಳೆದು ಕೊಡುತ್ತದೆ.

ಒಂಟಿಯೋ ಜೋಡಿಯೋ ಎಂಬ ಪ್ರಶ್ನೆಗೆ ಎಂಜಿನ್ನುಗಳನ್ನು ಎಣಿಸಿ ಉತ್ತರ ಹೇಳಲಾಗದು. ಎಂಜಿನ್ನು ನಿಂತ ಮೇಲೆ ವಿಮಾನದ ಬಳಿ ಏನು ಉಳಿಯುತ್ತದೆ, ಎಷ್ಟು ಎತ್ತರ, ಎಷ್ಟು ಬಲ, ಎಷ್ಟು ಸಮಯ, ಎಂಬುದೇ ನಿಜವಾದ ಅಳತೆ. ಒಳ್ಳೆಯ ವಿನ್ಯಾಸಕನು ಆ ಉಳಿಕೆಯನ್ನು ಮೊದಲೇ ಗಂಟು ಕಟ್ಟಿ ಕೊಟ್ಟಿರುತ್ತಾನೆ. ಒಳ್ಳೆಯ ಚಾಲಕನು ಅದನ್ನು ದುಂದು ಮಾಡದೆ ನೆಲ ಮುಟ್ಟುವವರೆಗೆ ಕಾಪಾಡಿಕೊಳ್ಳುತ್ತಾನೆ.