ಹತ್ತು ಹಾಕಿದರೆ ಏಳು ಕೊಡುವ ಯಂತ್ರ

ತಾರಸಿಗೆ ಮೋಲ್ಡ್ ಹಾಕುವ ದಿನ ಮನೆ ಮುಂದೆ ಬಂದು ನಿಲ್ಲುವ ಕಾಂಕ್ರೀಟ್ ಮಿಕ್ಸರ್‌ಗಳಲ್ಲಿ 10/7 ಎಂಬುದೊಂದು ಅಳತೆ. ಹತ್ತು ಘನ ಅಡಿ ಒಣ ಸಾಮಾನು ಒಳಗೆ ಹೋದರೆ ಏಳು ಘನ ಅಡಿ ಕಾಂಕ್ರೀಟು ಹೊರಗೆ ಬರುತ್ತದೆ. ಮಿಕ್ಕ ಮೂರು ಅಡಿಯನ್ನು ಯಾರೂ ಕದ್ದಿಲ್ಲ. ಅಷ್ಟೂ ಗಾಳಿ. ಕಡಲೆಕಾಯಿ ತುಂಬಿದ ಡಬ್ಬಕ್ಕೆ ರವೆ ಸುರಿದ ಹಾಗೆ, ಜೆಲ್ಲಿಯ ಸಂದಿಗೆ ಮರಳು ಇಳಿಯುತ್ತದೆ, ಮರಳಿನ ಸಂದಿಗೆ ಸಿಮೆಂಟು.

ಶಾಲೆಯಲ್ಲಿ ಕಲಿತ ಅನುಪಾತದ ಲೆಕ್ಕ ಇಲ್ಲಿ ಎಡವುತ್ತದೆ. ಮೂವತ್ತು ಅಡಿ ಉದ್ದ, ಇಪ್ಪತ್ತು ಅಡಿ ಅಗಲ, ಐದು ಇಂಚು ದಪ್ಪದ ತಾರಸಿ ಎಂದುಕೊಳ್ಳಿ. ಅದು 250 ಘನ ಅಡಿ. ಮಿಶ್ರಣ 1:1.5:3, ಅಂದರೆ ಸಿಮೆಂಟು ಒಂದು, ಮರಳು ಒಂದೂವರೆ, ಜೆಲ್ಲಿ ಮೂರು. ಒಟ್ಟು ಐದೂವರೆ ಪಾಲು. 250ನ್ನು ನೇರವಾಗಿ 5.5ರಿಂದ ಭಾಗಿಸಿ ಸಾಮಾನು ತರಿಸಿದರೆ ತಾರಸಿಯ ಮೂರನೇ ಒಂದು ಭಾಗ ಬಾಕಿ ಇರುವಾಗಲೇ ಎಲ್ಲ ಮುಗಿದಿರುತ್ತದೆ. ಅದಕ್ಕೇ ಎಂಜಿನಿಯರುಗಳು ಮೊದಲು 1.54ರಿಂದ ಗುಣಿಸಿ ಒಣ ಅಳತೆಗೆ ಹೋಗುತ್ತಾರೆ: 385 ಘನ ಅಡಿ. ಈಗ ಭಾಗಿಸಿದರೆ ಒಂದು ಪಾಲಿಗೆ 70. ಮರಳು 105, ಜೆಲ್ಲಿ 210. ಐವತ್ತು ಕಿಲೋ ಸಿಮೆಂಟು ಚೀಲದ ಗಾತ್ರ 35 ಲೀಟರು, ಸುಮಾರು ಒಂದೂಕಾಲು ಘನ ಅಡಿ. ಹಾಗಾಗಿ ಸಿಮೆಂಟು 57 ಚೀಲ.

ಈ ಪಾಲುಗಳನ್ನು ಒಂದು ಮಾಡುವುದು ಡ್ರಮ್ಮಿನ ಒಳಗೋಡೆಗೆ ಕೂರಿಸಿದ ಓರೆ ಪಟ್ಟಿಗಳು. ಡ್ರಮ್ಮು ತಿರುಗಿದಂತೆ ಅವು ಸಾಮಾನನ್ನು ಮೇಲಕ್ಕೆ ಎತ್ತಿ, ಮಡಚಿ, ಕೆಳಕ್ಕೆ ಬೀಳಿಸುತ್ತವೆ. ಕಲಸುವ ಕೆಲಸ ನಡೆಯುವುದು ಆ ಬೀಳುವಿಕೆಯಲ್ಲೇ. ತೀರಾ ಜೋರಾಗಿ ತಿರುಗಿಸಿದರೆ ಎಲ್ಲ ಗೋಡೆಗೆ ಅಂಟಿಕೊಂಡು ಸುತ್ತುತ್ತದೆ, ಏನೂ ಬೀಳುವುದಿಲ್ಲ. ಆದ್ದರಿಂದ ಈ ಯಂತ್ರ ಬೇಕೆಂದೇ ನಿಧಾನ. ಭಾರತೀಯ ಮಾನಕ ಐಎಸ್ 456 ಕನಿಷ್ಠ ಎರಡು ನಿಮಿಷ ಕಲಸಬೇಕು ಎನ್ನುತ್ತದೆ. ಸಂಜೆಯೊಳಗೆ ಮುಗಿಸುವ ಧಾವಂತದಲ್ಲಿ ಆ ಎರಡು ನಿಮಿಷ ಎಷ್ಟು ಕಡೆ ಸಿಗುತ್ತದೋ!

1:1.5:3ರಲ್ಲಿ ನೀರಿಗೆ ಅಂಕಿಯೇ ಇಲ್ಲ. ಕಾಂಕ್ರೀಟಿನ ಬಲವನ್ನು ಹೆಚ್ಚಾಗಿ ತೀರ್ಮಾನಿಸುವುದು ಸಿಮೆಂಟಿಗೂ ನೀರಿಗೂ ಇರುವ ಅನುಪಾತ ಎಂದು ಅಮೆರಿಕದ ಡಫ್ ಏಬ್ರಮ್ಸ್ 1918ರಲ್ಲೇ ತೋರಿಸಿದ್ದರು. ಎಂ20 ದರ್ಜೆ ಎನ್ನಿಸಿಕೊಳ್ಳುವ ಈ ಮಿಶ್ರಣದಲ್ಲಿ ಚೀಲವೊಂದಕ್ಕೆ 30 ಲೀಟರಿಗಿಂತ ಹೆಚ್ಚು ನೀರು ಸಲ್ಲದು. ಸಿಮೆಂಟು ಗಟ್ಟಿಯಾಗಲು ಅಷ್ಟೂ ಬೇಕಿಲ್ಲ. ಸುಮಾರು 19 ಲೀಟರು ಸಾಕು. ಉಳಿದದ್ದು ಕಾಂಕ್ರೀಟು ಸುಲಭವಾಗಿ ಹರಡಲಿ ಎಂದು ಸೇರಿಸುವ ನೀರು. ಅದು ಆರಿದ ಮೇಲೆ ಕಣ್ಣಿಗೆ ಕಾಣದ ರಂಧ್ರಗಳು ಉಳಿಯುತ್ತವೆ. ಮುಂದೆ ಮಳೆನೀರು ಕಬ್ಬಿಣದವರೆಗೆ ಇಳಿಯುವುದು ಅವುಗಳ ಮೂಲಕವೇ. ಹಾರೆಗೆ ಹಗುರಾಗಲಿ ಎಂದು ಸುರಿಯುವ ‘ಇನ್ನರ್ಧ ಬಕೆಟ್’ ನೀರಿನ ಬೆಲೆ ಇದು.

ಮರಳು ಇನ್ನೊಂದು ಬಗೆಯಲ್ಲಿ ಮೋಸ ಮಾಡುತ್ತದೆ. ಒದ್ದೆ ಮರಳಿನ ಕಣಗಳನ್ನು ತೆಳು ನೀರಿನ ಪೊರೆ ದೂರ ತಳ್ಳುತ್ತದೆ. ಗಾತ್ರ ಕಾಲು ಭಾಗದಷ್ಟು ಉಬ್ಬಬಹುದು. ಬಾಂಡ್ಲಿ ತುಂಬಿದಂತೆ ಕಂಡರೂ ಒಳಗೆ ಮರಳು ಕಡಿಮೆ, ಲೆಕ್ಕಕ್ಕೆ ಸಿಗದ ನೀರು ಜಾಸ್ತಿ. ಒಂದು ಚೀಲದ ಮಿಶ್ರಣಕ್ಕೆ ಹೋಗುವ ಮರಳಿನಲ್ಲಿ ನೂರಕ್ಕೆ ಐದರಷ್ಟು ತೇವವಿದ್ದರೂ ಅದೇ ನಾಲ್ಕು ಲೀಟರಿನ ಹತ್ತಿರ. ಮಳೆ ಬಿದ್ದ ಮರುದಿನ ಈ ನಾಲ್ಕನ್ನು 30ರಲ್ಲಿ ಕಳೆಯಬೇಕು, ಮರಳನ್ನು ಒಂದಿಷ್ಟು ಏರಿಸಬೇಕು. ಕಳೆಯುವವರು ಅಪರೂಪ.

ಬಾಂಡ್ಲಿಯನ್ನು ಒಬ್ಬ ಗೋಪುರದಂತೆ ತುಂಬುತ್ತಾನೆ, ಇನ್ನೊಬ್ಬ ಮಟ್ಟಸವಾಗಿ. ಹಲಗೆಯಲ್ಲೋ ತಗಡಿನಲ್ಲೋ 35 ಲೀಟರಿನ ಅಳತೆ ಪೆಟ್ಟಿಗೆ ಮಾಡಿಸಿದರೆ ಆ ಜಗಳವಿಲ್ಲ: ಚೀಲ ಒಂದು, ಮರಳು ಒಂದೂವರೆ ಪೆಟ್ಟಿಗೆ, ಜೆಲ್ಲಿ ಮೂರು ಪೆಟ್ಟಿಗೆ. ಈ ಮಿಶ್ರಣದಲ್ಲಿ 10/7 ಮಿಕ್ಸರ್ ಒಂದು ಸಲಕ್ಕೆ ಒಂದೇ ಚೀಲವನ್ನು ತಡೆಯುತ್ತದೆ. ಎರಡಕ್ಕೆ 13 ಘನ ಅಡಿ ದಾಟಿ ಡ್ರಮ್ಮಿನಿಂದ ಹೊರಚೆಲ್ಲುತ್ತದೆ.

ಮನೆ ಕಟ್ಟಿಸುವವರು ಮೋಲ್ಡ್ ಹಾಕುವ ದಿನ ಖಾಲಿ ಚೀಲಗಳನ್ನು ಎಣಿಸುತ್ತಾ ಕೂರುವ ಬದಲು ಮಿಕ್ಸರ್ ಪಕ್ಕ ನಿಂತು ಬಕೆಟ್ಟುಗಳನ್ನು ಎಣಿಸಿ. ಹದಿನೈದು ಲೀಟರಿನದಾದರೆ ಚೀಲಕ್ಕೆ ಎರಡು. ಮೂರನೆಯದನ್ನು ಎತ್ತಲು ಬಿಡಬೇಡಿ.